ಡೇಟಿಂಗ್ ಆ್ಯಪ್ ಚಂದಾ: ಪಾಸ್‌ಬುಕ್ಕಿನಲ್ಲಿ ಯಾವ ಹೆಸರಲ್ಲಿ ಕಾಣುತ್ತೆ, ಎಲ್ಲಿ ನಿಲ್ಲಿಸಬೇಕು

ಬ್ಯಾಂಕ್ ಸ್ಟೇಟ್‌ಮೆಂಟ್ ಹೇಳುವುದು ದುಡ್ಡು ಯಾರ ಕೈಗೆ ಹೋಯಿತು ಅನ್ನುವುದನ್ನು ಮಾತ್ರ. ಯಾತಕ್ಕೆ ಹೋಯಿತು ಎಂದು ತಿಳಿಯಬೇಕಾದರೆ ರಸೀದಿ ನೋಡಬೇಕು, ಆ ರಸೀದಿ ಬ್ಯಾಂಕಿನಲ್ಲಿ ಇರುವುದಿಲ್ಲ. ಟಿಂಡರ್, ಬಂಬಲ್, ಹಿಂಜ್, ಯಾವುದಕ್ಕೆ ಹಣ ಕಟ್ಟಿದ್ದರೂ ಪಾಸ್‌ಬುಕ್ಕಿನಲ್ಲಿ ಆ ಹೆಸರು ಎಲ್ಲೂ ಕಾಣದೇ ಇರಬಹುದು. ಹಾಗಾಗಿ ಮೊದಲು ಹಣ ಯಾವ ದಾರಿಯಲ್ಲಿ ಹೋಗಿದೆ ಎಂದು ಪತ್ತೆ ಮಾಡಿ: ಗೂಗಲ್ ಪ್ಲೇ ಮೂಲಕವೋ, ಆಪಲ್ ಮೂಲಕವೋ, ಆ್ಯಪ್ ಕಂಪನಿಗೇ ನೇರವಾಗಿಯೋ. ಅದು ಗೊತ್ತಾದರೆ ಚಂದಾ ಎಲ್ಲಿ ನಿಲ್ಲಿಸಬೇಕು ಎನ್ನುವುದೂ ಗೊತ್ತಾದಂತೆ.

ಗೂಗಲ್ ಹೆಸರಿನ ಸಾಲು

ಆಂಡ್ರಾಯ್ಡ್ ಫೋನಿನಲ್ಲಿ ಆ್ಯಪ್ ಒಳಗೇ ಚಂದಾ ತೆಗೆದುಕೊಂಡಿದ್ದರೆ ಸಾಮಾನ್ಯವಾಗಿ ಹಣ ಪಡೆಯುವುದು ಗೂಗಲ್. ಕಾರ್ಡ್‌ನಿಂದ ಕಟ್ಟಿದ್ದರೆ ಸ್ಟೇಟ್‌ಮೆಂಟ್‌ನಲ್ಲಿ ‘ಗೂಗಲ್’ ಎಂದು ಬರೆದು, ಒಂದು ನಕ್ಷತ್ರ ಚಿಹ್ನೆ ಹಾಕಿ, ಅದರ ಮುಂದೆ ಆ್ಯಪ್‌ನ ಹೆಸರೋ ಅದನ್ನು ತಯಾರಿಸಿದ ಕಂಪನಿಯ ಹೆಸರೋ ಇರುತ್ತದೆ: ‘ಗೂಗಲ್ *ಟಿಂಡರ್’ ಎಂಬಂತೆ. ಯುಪಿಐ ಮೂಲಕ ಕಟ್ಟಿದ್ದರೆ ‘ಗೂಗಲ್ ಪ್ಲೇ’ ಎಂದಷ್ಟೇ ಬಂದು ಆ್ಯಪ್‌ನ ಸುಳಿವೇ ಇಲ್ಲದಿರುವುದು ಸಾಮಾನ್ಯ. ಯೂಟ್ಯೂಬ್ ಪ್ರೀಮಿಯಂ, ಗೂಗಲ್ ಒನ್ ಸ್ಟೋರೇಜ್, ಆಟದ ಖರೀದಿ, ಎಲ್ಲವೂ ಹೆಚ್ಚುಕಡಿಮೆ ಇದೇ ಬಗೆಯ ಸಾಲಾಗಿ ಬರುತ್ತವೆ. ಆದ್ದರಿಂದ ಮಗನ ಪಾಸ್‌ಬುಕ್ಕಿನಲ್ಲಿ ‘ಗೂಗಲ್’ ಎಂದು ಕಂಡ ಕೂಡಲೇ ಯಾವ ತೀರ್ಮಾನಕ್ಕೂ ಬರಬೇಡಿ.

ಕೆಲವು ಆ್ಯಪ್‌ಗಳು ಹಣ ಕಟ್ಟುವಾಗ ಎರಡು ಆಯ್ಕೆ ಕೊಡುತ್ತವೆ: ಗೂಗಲ್ ಪ್ಲೇ ಬಿಲ್ಲಿಂಗ್, ಇಲ್ಲವೇ ಆ್ಯಪ್‌ನದೇ ಪಾವತಿ ವ್ಯವಸ್ಥೆ. ಎರಡನೆಯದನ್ನು ಒತ್ತಿದ್ದರೆ ಗೂಗಲ್ ಹೆಸರು ಬರುವುದಿಲ್ಲ, ಪ್ಲೇ ಸ್ಟೋರ್‌ನಲ್ಲಿ ಹುಡುಕಿ ಪ್ರಯೋಜನವೂ ಇಲ್ಲ.

ಯುಪಿಐ ಸಾಲನ್ನು ಓದುವ ಕ್ರಮ ಹೀಗೆ. ಸ್ಟೇಟ್ ಬ್ಯಾಂಕ್ ಪಾಸ್‌ಬುಕ್ಕಿನಲ್ಲಿ ‘ಯುಪಿಐ’, ಆಮೇಲೆ ಖರ್ಚು ಎಂದು ತಿಳಿಸುವ ‘ಡಿಆರ್’, ಆಮೇಲೆ 12 ಅಂಕಿಯ ಸಂಖ್ಯೆ, ಹಣ ಪಡೆದವರ ಹೆಸರು, ಅವರ ಬ್ಯಾಂಕಿನ ನಾಲ್ಕಕ್ಷರದ ಸಂಕೇತ, ಯುಪಿಐ ವಿಳಾಸ, ಇವೆಲ್ಲ ಓರೆಗೆರೆಗಳ ನಡುವೆ ಸಾಲಾಗಿ ಇರುತ್ತವೆ. ಬೇರೆ ಬ್ಯಾಂಕುಗಳಲ್ಲಿ ಕ್ರಮ ಸ್ವಲ್ಪ ಹಿಂದುಮುಂದಾದರೂ ತಿರುಳು ಇದೇ. ಇಲ್ಲಿ ಜನ ಎಡವುವ ಜಾಗ ಎರಡು. ಒಂದು, ಪಾಸ್‌ಬುಕ್ ಮುದ್ರಣದಲ್ಲಿ ಜಾಗ ಸಾಲದೆ ಹೆಸರು ಅರ್ಧಕ್ಕೇ ತುಂಡಾಗುತ್ತದೆ. ಇನ್ನೊಂದು, ‘ಯುಟಿಐಬಿ’, ‘ವೈಇಎಸ್‌ಬಿ’ ಎಂಬ ಸಂಕೇತ ಕಂಡು ಆಕ್ಸಿಸ್‌ನಲ್ಲೋ ಯೆಸ್ ಬ್ಯಾಂಕಿನಲ್ಲೋ ನನ್ನ ಖಾತೆಯೇ ಇಲ್ಲವಲ್ಲ ಎಂದು ಗಾಬರಿಯಾಗುತ್ತಾರೆ. ಅದು ಹಣ ಪಡೆದ ಕಂಪನಿಯ ಬ್ಯಾಂಕು, ನಿಮ್ಮದಲ್ಲ. ನಂಬಬೇಕಾದ್ದು ಆ 12 ಅಂಕಿಗಳನ್ನು. ಫೋನ್‌ಪೇ ಅಥವಾ ಗೂಗಲ್ ಪೇ ಇತಿಹಾಸದಲ್ಲಿ ಆ ದಿನದ ವಹಿವಾಟು ತೆರೆದರೆ ಅದೇ ಸಂಖ್ಯೆ ಸಿಗುತ್ತದೆ, ಪೂರ್ತಿ ಹೆಸರೂ ಅಲ್ಲೇ ಇರುತ್ತದೆ.

ಅಲ್ಲಿಂದ ಮುಂದೆ ರಸೀದಿಗೆ ಹೋಗಿ. ಪ್ಲೇ ಸ್ಟೋರ್ ತೆರೆದು, ಮೇಲಿನ ಬಲತುದಿಯ ಚಿತ್ರ ಒತ್ತಿ, ‘ಪೇಮೆಂಟ್ಸ್ ಅಂಡ್ ಸಬ್‌ಸ್ಕ್ರಿಪ್ಷನ್ಸ್’, ಅದರೊಳಗೆ ‘ಬಜೆಟ್ ಅಂಡ್ ಹಿಸ್ಟರಿ’. ದಿನಾಂಕ, ಮೊತ್ತ ಎರಡೂ ತಾಳೆಯಾಗುವ ಖರೀದಿ ಇಲ್ಲಿದ್ದರೆ ಆ್ಯಪ್ ಯಾವುದೆಂದು ಗೊತ್ತಾಯಿತು. ಪಟ್ಟಿ ಖಾಲಿಯಿದ್ದರೆ ಫೋನಿನಲ್ಲಿ ಎರಡು ಜಿಮೇಲ್ ಖಾತೆ ಇವೆಯೇ ನೋಡಿ: ಕಾಲೇಜಿಗೊಂದು, ಸ್ವಂತಕ್ಕೊಂದು ಇಟ್ಟುಕೊಂಡವರೇ ಹೆಚ್ಚು, ಚಂದಾ ಇನ್ನೊಂದರಲ್ಲಿ ಕೂತಿರುತ್ತದೆ. ಪ್ರತಿ ರಸೀದಿಗೂ ‘ಜಿಪಿಎ’ ಎಂದು ಶುರುವಾಗುವ ಆರ್ಡರ್ ಸಂಖ್ಯೆ ಇರುತ್ತದೆ. ಅದರ ಕೊನೆಯಲ್ಲಿ ಎರಡು ಚುಕ್ಕಿ ಇಟ್ಟು 0 ಎಂದಿದ್ದರೆ ಅದು ಮೊದಲ ನವೀಕರಣ, 1 ಎಂದಿದ್ದರೆ ಎರಡನೆಯದು. ಈ ಒಂದು ಅಂಕಿಯಿಂದಲೇ ಎಷ್ಟು ಸಲ ಹಣ ತಾನಾಗಿ ಹೋಗಿದೆ ಎಂದು ಎಣಿಸಬಹುದು.

ಆಪಲ್, ಮತ್ತು ನೇರ ಪಾವತಿ

ಐಫೋನ್ ಆದರೆ ‘ಆಪಲ್ ಡಾಟ್ ಕಾಮ್ ಸ್ಲ್ಯಾಶ್ ಬಿಲ್’, ‘ಆಪಲ್ ಸರ್ವೀಸಸ್’ ಇಂಥ ಹೆಸರು. ಇಲ್ಲಿ ಮೊತ್ತ ತಾಳೆಯಾಗದೇ ತಲೆಕೆಡಿಸುತ್ತದೆ, ಏಕೆಂದರೆ ಆಪಲ್ ಕೆಲವೊಮ್ಮೆ ಎರಡು ಮೂರು ಖರೀದಿಯನ್ನು ಕೂಡಿಸಿ ಒಂದೇ ಸಲ ಹಣ ತೆಗೆಯುತ್ತದೆ. ಮೊದಲೇ ಆಪಲ್ ಖಾತೆಗೆ ಹಣ ತುಂಬಿಸಿಟ್ಟಿದ್ದರಂತೂ ಬ್ಯಾಂಕಿನಲ್ಲಿ ಕಾಣುವುದು ಆ ತುಂಬಿಸಿದ ಮೊತ್ತವೊಂದೇ. ಖರೀದಿಗಳ ವಿವರ ಆಪಲ್ ಖಾತೆಯ ‘ಪರ್ಚೇಸ್ ಹಿಸ್ಟರಿ’ಯಲ್ಲಿ ಸಿಗುತ್ತದೆ.

ಆ್ಯಪ್‌ನ ವೆಬ್‌ಸೈಟ್‌ನಲ್ಲಿ ನೇರವಾಗಿ ಕಟ್ಟಿದ್ದರೆ ಆ್ಯಪ್‌ನ ಹೆಸರು, ಅದರ ಮಾಲೀಕ ಕಂಪನಿಯ ಹೆಸರು, ನಡುವೆ ಪಾವತಿ ಮಾಡಿಸಿದ ರೇಜರ್‌ಪೇ, ಪೇಯು ಇಂಥ ಸಂಸ್ಥೆಯ ಹೆಸರು, ಈ ಮೂರರಲ್ಲಿ ಯಾವುದೂ ಬರಬಹುದು. ಟಿಂಡರ್, ಹಿಂಜ್, ಓಕೆಕ್ಯುಪಿಡ್ ಮೂರೂ ಮ್ಯಾಚ್ ಗ್ರೂಪ್‌ನವು. ಬಡೂ ಮತ್ತು ಬಂಬಲ್ ಒಂದೇ ಮನೆಯವು. ಮದುವೆ ಸಂಬಂಧ ಹುಡುಕುವ ತಾಣಗಳಲ್ಲೂ ಇದೇ ಕಥೆ: ಕನ್ನಡ ಮ್ಯಾಟ್ರಿಮೊನಿಗೆ ಕಟ್ಟಿದ ಹಣ ಚೆನ್ನೈನ ಮ್ಯಾಟ್ರಿಮೊನಿ ಡಾಟ್ ಕಾಮ್‌ಗೆ ಹೋಗುತ್ತದೆ, ಜೀವನ್‌ಸಾಥಿಯದು ಇನ್ಫೋ ಎಡ್ಜ್‌ಗೆ, ಶಾದಿ ಡಾಟ್ ಕಾಮ್‌ನದು ಪೀಪಲ್ ಇಂಟರ್ಯಾಕ್ಟಿವ್‌ಗೆ.

ಹೊರದೇಶದ ಕಂಪನಿಗೆ ಕಾರ್ಡ್‌ನಿಂದ ನೇರ ಪಾವತಿಯಾದರೆ ಡಾಲರ್ ಮೊತ್ತದ ಪಕ್ಕ ರೂಪಾಯಿ ಮೊತ್ತ ಇರುತ್ತದೆ. ಅದರ ಜತೆ ಬ್ಯಾಂಕು ವಿದೇಶಿ ವಹಿವಾಟಿನ ಶುಲ್ಕ ಹಾಕಿ, ಆ ಶುಲ್ಕದ ಮೇಲೆ 18% ಜಿಎಸ್‌ಟಿ ಸೇರಿಸುತ್ತದೆ. ಇದು ಎಷ್ಟೋ ಸಲ ಪ್ರತ್ಯೇಕ ಸಾಲಾಗಿ ಬರುವುದರಿಂದ ಎರಡು ಸಲ ಹಣ ಕತ್ತರಿಸಿದರೆಂದು ಜನ ಜಗಳಕ್ಕೆ ಹೋಗುತ್ತಾರೆ.

ಇನ್ನು ಒಬ್ಬ ವ್ಯಕ್ತಿಯ ಹೆಸರಿಗೆ, ವೈಯಕ್ತಿಕ ಯುಪಿಐ ವಿಳಾಸಕ್ಕೆ ‘ರಿಜಿಸ್ಟ್ರೇಷನ್ ಫೀ’, ‘ಮೀಟಿಂಗ್ ಫೀ’ ಹೋಗಿದ್ದರೆ ಅದು ಚಂದಾ ಅಲ್ಲವೇ ಅಲ್ಲ, ಮೋಸ. ನಂಬಿಕಸ್ಥ ಆ್ಯಪ್ ಯಾವುದೂ ಹಾಗೆ ಹಣ ಪಡೆಯುವುದಿಲ್ಲ. ಅಂಥ ಸಾಲು ಕಂಡರೆ ಕೆಳಗಿನದನ್ನೆಲ್ಲ ಬಿಟ್ಟು ಮೊದಲು ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ.

ವಿಚಿತ್ರವಾಗಿ ಕಾಣುವ ಮೊತ್ತಗಳು

ಒಂದೆರಡು ರೂಪಾಯಿ ಹೋಗಿ ವಾಪಸ್ ಬಂದಿದ್ದರೆ ಅದು ಖಾತೆ ಅಥವಾ ಕಾರ್ಡ್ ಪರೀಕ್ಷೆ. ಗೂಗಲ್‌ನಲ್ಲಿ ಇದಕ್ಕೆ ‘ಟೆಂಪರರಿ ಹೋಲ್ಡ್’ ಎಂಬ ಹೆಸರು ಬರುತ್ತದೆ. ಒಂದೇ ತಿಂಗಳಲ್ಲಿ ಒಂದೇ ಮೊತ್ತ ನಾಲ್ಕೈದು ಸಲ ಹೋಗಿದ್ದರೆ, ಏಳು ದಿನಕ್ಕೊಮ್ಮೆ ಹೋಗಿದೆಯೇ ಎಣಿಸಿ. ಡೇಟಿಂಗ್ ಆ್ಯಪ್‌ಗಳು ವಾರದ ಪ್ಲಾನ್ ಮಾರುತ್ತವೆ, ಬೆಲೆ ಕಡಿಮೆ ಎನಿಸಿ ತೆಗೆದುಕೊಂಡವರು ಅದು ಪ್ರತಿ ವಾರ ನವೀಕರಣ ಆಗುವುದನ್ನು ಗಮನಿಸಿರುವುದಿಲ್ಲ. ಮೊದಲ ಸಾಲು ಕಡಿಮೆ, ಎರಡನೆಯದು ಜಾಸ್ತಿ ಇದ್ದರೆ ಆರಂಭದ ರಿಯಾಯಿತಿ ಮುಗಿದಿದೆ. ಯುಪಿಐ ಆಟೋಪೇ, ಅಂದರೆ ತಾನಾಗಿ ಹಣ ಹೋಗುವ ಏರ್ಪಾಡಿನ ಹಣ, ಬೆಳಿಗ್ಗೆ 10ರ ಒಳಗೆ, ಮಧ್ಯಾಹ್ನ 1ರಿಂದ 5ರ ನಡುವೆ, ಇಲ್ಲವೇ ರಾತ್ರಿ 9.30ರ ಮೇಲೆ ಹೋಗುವಂತೆ 2025ರ ಆಗಸ್ಟ್ 1ರಿಂದ ನಿಯಮ ಬಂದಿದೆ. ರಾತ್ರಿ ಹತ್ತಕ್ಕೆ ಹಣ ಹೋಗಿದೆ ಎಂಬ ಒಂದೇ ಕಾರಣಕ್ಕೆ ಯಾರೋ ಕದ್ದರು ಎಂದುಕೊಳ್ಳಬೇಕಿಲ್ಲ.

ಮುನ್ಸೂಚನೆ ಯಾರ ಫೋನಿಗೆ ಹೋಗುತ್ತದೆ

ರಿಸರ್ವ್ ಬ್ಯಾಂಕ್ ನಿಯಮದ ಪ್ರಕಾರ ಇಂಥ ಚಂದಾ ಹಣ ತೆಗೆಯುವ ಕನಿಷ್ಠ 24 ಗಂಟೆ ಮೊದಲು ಗ್ರಾಹಕರಿಗೆ ತಿಳಿಸಬೇಕು: ಯಾರು, ಎಷ್ಟು, ಯಾವತ್ತು ಎಂದು. ₹15,000ದ ಒಳಗಿನ ನವೀಕರಣಕ್ಕೆ ಪ್ರತಿ ಸಲ ಒಟಿಪಿ ಬೇಕಿಲ್ಲ. ಹಾಗಾಗಿ ಈ ಮುನ್ಸೂಚನೆಯೇ ನಿಮಗೆ ಸಿಗುವ ಎಚ್ಚರಿಕೆ. ದಾವಣಗೆರೆಯ ವಿದ್ಯಾನಗರದಲ್ಲೋ ಚಿತ್ರದುರ್ಗದಲ್ಲೋ ರೂಮು ಮಾಡಿಕೊಂಡು ಓದುವ ಅನೇಕರ ಖಾತೆ ಜಗಳೂರು, ಚನ್ನಗಿರಿ, ಹೊಸದುರ್ಗ, ಚಳ್ಳಕೆರೆಯ ಶಾಖೆಗಳಲ್ಲಿ ಶಾಲೆಯ ದಿನಗಳಲ್ಲಿ ತೆರೆದದ್ದು. ಅದಕ್ಕೆ ಕೊಟ್ಟಿರುವುದು ಅಪ್ಪನ ಮೊಬೈಲ್ ಸಂಖ್ಯೆಯಾಗಿದ್ದರೆ ಬ್ಯಾಂಕಿನ ಎಸ್‌ಎಂಎಸ್ ಊರಿಗೆ ಹೋಗುತ್ತದೆ, ಕಾರ್ಡ್ ಬಳಸುವವರಿಗೆ ಏನೂ ಗೊತ್ತಾಗುವುದಿಲ್ಲ. ಹದಿನೆಂಟು ದಾಟಿದ ಮೇಲೆ ಸ್ವಂತ ಸಂಖ್ಯೆ ಇರುವ ಸ್ವಂತ ಖಾತೆಯೊಂದನ್ನು ಇಟ್ಟುಕೊಳ್ಳುವುದೇ ಸರಿ, ಖಾಸಗಿತನಕ್ಕೂ ಲೆಕ್ಕಕ್ಕೂ. ಗೂಗಲ್ ಫ್ಯಾಮಿಲಿ ಗುಂಪಿನ ಪಾವತಿ ವಿಧಾನ ಬಳಸಿದರೆ ಗುಂಪಿನ ಮುಖ್ಯಸ್ಥರಿಗೆ ರಸೀದಿ ಹೋಗುತ್ತದೆ. ಆಪಲ್‌ನಲ್ಲಿ ಖರೀದಿ ಹಂಚಿಕೆ ಚಾಲೂ ಇದ್ದರೆ ಹಣವೇ ಮುಖ್ಯಸ್ಥರ ಕಡೆಯಿಂದ ಹೋಗಬಹುದು.

ಮನೆ ಸಾಲ ಕೇಳುವಾಗ ಈ ಚಂದಾ ಸಿಬಿಲ್ ವರದಿಯಲ್ಲಿ (ಸಾಲ ತೀರಿಸಿದ ಇತಿಹಾಸದ ವರದಿ) ಕಂಡೀತೇ ಎಂದು ಅಂಜುವವರಿಗೆ ಒಂದು ಮಾತು. ಅದರಲ್ಲಿ ಇರುವುದು ಸಾಲ ಮತ್ತು ಕ್ರೆಡಿಟ್ ಕಾರ್ಡ್‌ಗಳ ಲೆಕ್ಕ. ಉಳಿತಾಯ ಖಾತೆಯಿಂದ ಚಂದಾ ಕಟ್ಟಿದ್ದು ಅಲ್ಲಿಗೆ ಹೋಗುವುದಿಲ್ಲ.

ನಿಲ್ಲಿಸುವ ಕ್ರಮ

ಆ್ಯಪ್ ಅಳಿಸಿದರೆ ಚಂದಾ ನಿಲ್ಲುವುದಿಲ್ಲ. ಪ್ಲೇ ಅಥವಾ ಆಪಲ್ ಮೂಲಕ ಕಟ್ಟಿದ್ದರೆ ಪ್ರೊಫೈಲ್ ಡಿಲೀಟ್ ಮಾಡಿದರೂ ನಿಲ್ಲುವುದಿಲ್ಲ. ರೊಕ್ಕ ಸುಮ್ಮನೆ ಹೋಗುತ್ತಿರುವ ಪ್ರಕರಣಗಳಲ್ಲಿ ಕಾರಣ ಬಹಳ ಸಲ ಇದೇ ಆಗಿರುತ್ತದೆ.

ಮೊದಲು ಚಂದಾ ರದ್ದು ಮಾಡಿ, ಆಮೇಲೆ ಆಟೋಪೇ ರದ್ದು ಮಾಡಿ. ಪ್ಲೇ ಸ್ಟೋರ್‌ನಲ್ಲಿ ‘ಪೇಮೆಂಟ್ಸ್ ಅಂಡ್ ಸಬ್‌ಸ್ಕ್ರಿಪ್ಷನ್ಸ್’ ಒಳಗಿನ ‘ಸಬ್‌ಸ್ಕ್ರಿಪ್ಷನ್ಸ್’ಗೆ ಹೋಗಿ, ಆ್ಯಪ್ ಆಯ್ದು ‘ಕ್ಯಾನ್ಸಲ್’ ಒತ್ತಿ. ಕಾರಣ ಕೇಳಿದ ಮೇಲೆ ಇನ್ನೊಂದು ಸಲ ಖಚಿತಪಡಿಸಲು ಕೇಳುತ್ತದೆ, ಅಲ್ಲಿಗೆ ಮುಟ್ಟದೆ ಹೊರಬಂದರೆ ರದ್ದಾಗಿರುವುದಿಲ್ಲ. ಐಫೋನ್‌ನಲ್ಲಿ ಸೆಟ್ಟಿಂಗ್ಸ್, ನಿಮ್ಮ ಹೆಸರು, ‘ಸಬ್‌ಸ್ಕ್ರಿಪ್ಷನ್ಸ್’. ನವೀಕರಣದ ದಿನಕ್ಕಿಂತ ಕನಿಷ್ಠ 24 ಗಂಟೆ ಮುಂಚೆ ಮಾಡಿ. ನೇರ ಪಾವತಿಯಾಗಿದ್ದರೆ ಆ್ಯಪ್‌ನ ಅಥವಾ ವೆಬ್‌ಸೈಟ್‌ನ ಸೆಟ್ಟಿಂಗ್ಸ್‌ನಲ್ಲಿ. ರದ್ದು ಮಾಡಿದರೂ ಕಟ್ಟಿದ ಅವಧಿ ಮುಗಿಯುವವರೆಗೆ ಸೌಲಭ್ಯ ಸಾಮಾನ್ಯವಾಗಿ ಉಳಿಯುತ್ತದೆ, ಆದ್ದರಿಂದ ಕೊನೆಯ ದಿನದ ತನಕ ಕಾಯುವುದರಲ್ಲಿ ಲಾಭವಿಲ್ಲ.

ಆಮೇಲೆ ಫೋನ್‌ಪೇ ಅಥವಾ ಗೂಗಲ್ ಪೇಯಲ್ಲಿ ಪ್ರೊಫೈಲ್ ತೆರೆದು ‘ಆಟೋಪೇ’ ಪಟ್ಟಿ ನೋಡಿ. ಉಳಿದಿರುವ ಮ್ಯಾಂಡೇಟನ್ನು, ಅಂದರೆ ಹಣ ತೆಗೆಯಲು ನೀವು ಕೊಟ್ಟಿದ್ದ ಅನುಮತಿಯನ್ನು, ಯುಪಿಐ ಪಿನ್ ಹಾಕಿ ರದ್ದು ಮಾಡಿ. ಅಲ್ಲಿ ತೋರುವ ಮೊತ್ತ ನಿಜವಾದ ಚಂದಾಗಿಂತ ದೊಡ್ಡದಿದ್ದರೆ ಅದು ಗರಿಷ್ಠ ಮಿತಿ. ಕಾರ್ಡ್ ಆದರೆ ಬ್ಯಾಂಕಿನ ಆ್ಯಪ್‌ನಲ್ಲಿ ‘ಇ-ಮ್ಯಾಂಡೇಟ್’ ಅಥವಾ ‘ಸ್ಟ್ಯಾಂಡಿಂಗ್ ಇನ್‌ಸ್ಟ್ರಕ್ಷನ್’ ಹುಡುಕಿ. ಕೆಲವು ಬ್ಯಾಂಕುಗಳು ಇದಕ್ಕೆ ಎಸ್‌ಐ ಹಬ್ ಎಂಬ ಪ್ರತ್ಯೇಕ ತಾಣ ಬಳಸುತ್ತವೆ.

ಆಟೋಪೇ ಒಂದನ್ನೇ ಕತ್ತರಿಸಿ ಚಂದಾ ಹಾಗೇ ಬಿಟ್ಟರೆ ಏನಾಗುತ್ತದೆ? ಗೂಗಲ್ ಖಾತೆಯಲ್ಲಿ ಬ್ಯಾಕಪ್ ಪಾವತಿ ವಿಧಾನವಾಗಿ ಒಂದು ಕಾರ್ಡ್ ಇಟ್ಟಿದ್ದರೆ ಮುಂದಿನ ಸಲ ಅದರಿಂದ ಹಣ ಹೋಗಬಹುದು. ಕ್ರಮ ತಲೆಕೆಳಗಾಗಬಾರದು ಎನ್ನುವುದು ಇದಕ್ಕೇ.

ಹಣ ವಾಪಸ್, ದೂರು

ಗೂಗಲ್‌ನಲ್ಲಿ ಖರೀದಿಯಾಗಿ 48 ಗಂಟೆಯೊಳಗೆ ಮರುಪಾವತಿ ಕೇಳಿದರೆ ಸಿಗುವ ಸಾಧ್ಯತೆ ಇದೆ. ಆಮೇಲೆ ಆ್ಯಪ್ ಕಂಪನಿಯನ್ನೇ ಕೇಳಬೇಕು. ಆಪಲ್‌ಗೆ ‘ರಿಪೋರ್ಟ್ ಎ ಪ್ರಾಬ್ಲಮ್’ ಪುಟವಿದೆ. ಮರೆತು ನವೀಕರಣವಾದ ಚಂದಾವನ್ನು ವಂಚನೆ ಎಂದು ಬ್ಯಾಂಕಿಗೆ ದೂರಬೇಡಿ. ಅಂಥ ದೂರು ಊರ್ಜಿತವಾಗುವುದಿಲ್ಲ, ಗೂಗಲ್ ಖಾತೆಗೂ ತೊಡಕಾಗಬಹುದು.

ನಿಮ್ಮ, ಮನೆಯವರ ಯಾವ ಖಾತೆಯಲ್ಲೂ ರಸೀದಿ ಸಿಗದಿದ್ದರೆ ಮಾತ್ರ ಅದು ಅನಧಿಕೃತ ವಹಿವಾಟು. 2017ರ ರಿಸರ್ವ್ ಬ್ಯಾಂಕ್ ಸುತ್ತೋಲೆಯಂತೆ, ತಪ್ಪು ನಿಮ್ಮದೂ ಅಲ್ಲ ಬ್ಯಾಂಕಿನದೂ ಅಲ್ಲ ಎಂದಾದರೆ, ಸೂಚನೆ ಬಂದ 3 ಕೆಲಸದ ದಿನದೊಳಗೆ ತಿಳಿಸಿದವರಿಗೆ ನಷ್ಟದ ಹೊಣೆ ಇರುವುದಿಲ್ಲ. 4ರಿಂದ 7 ಕೆಲಸದ ದಿನವಾದರೆ ಒಂದಿಷ್ಟು ಹೊಣೆ ಬರುತ್ತದೆ. ಗೂಗಲ್ ಸಾಲಾಗಿದ್ದರೆ 120 ದಿನದೊಳಗೆ ಗೂಗಲ್‌ಗೂ ವರದಿ ಮಾಡಬಹುದು. ವಂಚನೆಯೇ ಆಗಿದ್ದರೆ 1930, ಜತೆಗೆ ರಾಷ್ಟ್ರೀಯ ಸೈಬರ್ ಅಪರಾಧ ತಾಣ. ದಾವಣಗೆರೆ, ಚಿತ್ರದುರ್ಗ ಎರಡೂ ಕಡೆ ಸಿಇಎನ್ (ಸೈಬರ್, ಆರ್ಥಿಕ ಮತ್ತು ಮಾದಕ ವಸ್ತು ಅಪರಾಧ) ಪೊಲೀಸ್ ಠಾಣೆಗಳಿವೆ. ‘ರೀಫಂಡ್ ಮಾಡಿಸುತ್ತೇವೆ, ಸ್ಕ್ರೀನ್ ಷೇರ್ ಮಾಡಿ’ ಎನ್ನುವ ಕರೆ ಬಂದರೆ ಕಟ್ ಮಾಡಿ, ಹಣ ವಾಪಸ್ ಪಡೆಯಲು ಪಿನ್ ಹಾಕುವ ಅಗತ್ಯ ಎಂದೂ ಇರುವುದಿಲ್ಲ.

ಶಾಖೆಗೆ ಹೋಗುವಾಗ ದಿನಾಂಕ, ಮೊತ್ತ, 12 ಅಂಕಿಯ ಸಂಖ್ಯೆ ಬರೆದ ಅರ್ಜಿಯ ಎರಡು ಪ್ರತಿ ಒಯ್ಯಿರಿ. ರದ್ದು ಮಾಡಿದ ಮೇಲೂ ಹಣ ಹೋಗಿದ್ದರೆ ರದ್ದತಿಯ ಸ್ಕ್ರೀನ್‌ಷಾಟ್ ಜತೆಗಿರಲಿ. ಒಂದು ಪ್ರತಿಗೆ ಸೀಲು, ದಿನಾಂಕ ಹಾಕಿಸಿಕೊಂಡು ದೂರಿನ ಸಂಖ್ಯೆ ಕೇಳಿ ಪಡೆಯಿರಿ. 30 ದಿನದಲ್ಲಿ ಉತ್ತರ ಬರದಿದ್ದರೆ ಬ್ಯಾಂಕುಗಳ ಮೇಲಿನ ದೂರು ಕೇಳುವ ರಿಸರ್ವ್ ಬ್ಯಾಂಕ್ ಒಂಬುಡ್ಸ್‌ಮನ್‌ಗೆ ಹೋಗಬಹುದು, ಮಾಹಿತಿಗೆ 14448ಕ್ಕೆ ಕರೆ ಮಾಡಿ. ಆ 30 ದಿನದ ಲೆಕ್ಕ ಬ್ಯಾಂಕಿಗೆ ದೂರು ಮುಟ್ಟಿದ ದಿನದಿಂದ ಶುರುವಾಗುತ್ತದೆ.