ಸಪ್ಲೈಯರ್ ಕೈಕೊಟ್ಟರೆ ಆರ್ಬಿಟ್ರೇಷನ್‌ನಲ್ಲಿ ನಷ್ಟ ಕೇಳುವುದು ಹೇಗೆ?

ಮಾಲು ಕೊಡ್ತೀವಿ ಅಂತ ಸಹಿ ಹಾಕಿದವರು ರೇಟು ಏರಿದ ಕೂಡಲೇ ಕೈ ಎತ್ತಿಬಿಟ್ಟರು. ಅಗ್ರಿಮೆಂಟಿನಲ್ಲಿ ಆರ್ಬಿಟ್ರೇಷನ್ ಕಲಂ ಇದೆ, ಅಂದರೆ ಜಗಳ ಬಂದರೆ ಕೋರ್ಟ್ ಬದಲು ಮಧ್ಯಸ್ಥರು (ಆರ್ಬಿಟ್ರೇಟರ್) ತೀರ್ಮಾನಿಸಬೇಕು ಅಂತ. ಈಗ ಎಷ್ಟು ಕೇಳಬಹುದು? ಆದ ಸಂಕಟಕ್ಕೆಲ್ಲ ಬೆಲೆ ಕಟ್ಟಿ ದೊಡ್ಡ ಮೊತ್ತ ಬರೆಯುವವರೇ ಜಾಸ್ತಿ. ಆದರೆ 1872ರ ಕರಾರು ಕಾಯ್ದೆಯ 73ನೇ ಕಲಂ ಕೊಡಿಸುವುದು ಎರಡನ್ನೇ: ಕರಾರು ಮುರಿದದ್ದರಿಂದ ಸಹಜವಾಗಿ ಆದ ನಷ್ಟ, ಇಲ್ಲವೇ ಕರಾರು ಮಾಡುವಾಗಲೇ ಇಬ್ಬರಿಗೂ ಗೊತ್ತಿದ್ದ ನಷ್ಟ.

ನಿಮ್ಮದು ದಾವಣಗೆರೆಯಲ್ಲಿ ಕೋಳಿ ಆಹಾರದ ಮಿಲ್ ಅಂದುಕೊಳ್ಳಿ. ಕೆಜಿಗೆ 22 ರೂಪಾಯಿಯಂತೆ 100 ಟನ್ ಮೆಕ್ಕೆಜೋಳಕ್ಕೆ ಮಾತಾಗಿತ್ತು. ಕೊಡಬೇಕಾದ ದಿನ ಮಾರ್ಕೆಟ್ ರೇಟು 25. ಕೆಜಿಗೆ 3ರಂತೆ 3 ಲಕ್ಷ, ಅದೇ ನಿಮ್ಮ ಮೂಲ ಕ್ಲೇಮು. ಎರಡು ತಿಂಗಳು ಸುಮ್ನೆ ಕೂತು, ಆಮೇಲೆ 29ಕ್ಕೆ ಕೊಂಡು 7 ಲಕ್ಷ ಕೊಡಿ ಅಂದರೆ, ನಷ್ಟ ತಗ್ಗಿಸೋಕೆ ನೀವೇನು ಮಾಡಿದಿರಿ ಅಂತ ಆರ್ಬಿಟ್ರೇಟರ್ ಕೇಳ್ತಾರೆ.

ಹೆಚ್ಚಿನವರು ಸೋಲುವುದು ರೇಟಿನ ಸಾಕ್ಷಿಯಲ್ಲಿ. 1961ರಲ್ಲಿ ಸುಪ್ರೀಂ ಕೋರ್ಟ್ ಒಂದು ಕ್ಯಾನ್ವಾಸ್ ಬಟ್ಟೆಯ ಕೇಸು ತೀರ್ಮಾನಿಸಿತ್ತು. ಮಾಲು ಕಾನ್ಪುರದಲ್ಲಿ ರೈಲಿಗೆ ಹಾಕಬೇಕಿತ್ತು, ಹೋಗಬೇಕಾದದ್ದು ಕಲ್ಕತ್ತಕ್ಕೆ. ಮಾಲು ಸಿಗದ ವ್ಯಾಪಾರಿ ಕಲ್ಕತ್ತದ ರೇಟು ಹಿಡಿದು ನಷ್ಟ ಕೇಳಿದರು. ಕೋರ್ಟ್‌ಗೆ ಬೇಕಾಗಿದ್ದದ್ದು ಆ ದಿನದ ಕಾನ್ಪುರದ ರೇಟು. ಅದು ಅವರ ಹತ್ತಿರ ಇರಲಿಲ್ಲ, ಪರಿಹಾರ ಸೊನ್ನೆ! ಹಾಗಾಗಿ ಮಾಲು ತಪ್ಪಿದ ದಿನವೇ ಎಪಿಎಂಸಿ ರೇಟಿನ ಪ್ರಿಂಟ್ ತೆಗೆದಿಡಿ, ಬೇರೆ ಇಬ್ಬರು ವ್ಯಾಪಾರಿಗಳಿಂದ ಅದೇ ಮಾಲಿಗೆ ಬರವಣಿಗೆಯಲ್ಲಿ ಕೊಟೇಶನ್ ತರಿಸಿ, ಲಾರಿ ಬಾಡಿಗೆ ಜಾಸ್ತಿ ಆಗಿದ್ದರೆ ಅದರ ಬಿಲ್ಲೂ ಇರಲಿ.

ತಡವಾದರೆ ಇಷ್ಟು ದಂಡ ಅಂತ ಅಗ್ರಿಮೆಂಟಿನಲ್ಲೇ ಬರೆದಿದೆಯಾ? ಅಷ್ಟೂ ತಾನಾಗಿಯೇ ಸಿಗುತ್ತೆ ಅಂತಲ್ಲ. 74ನೇ ಕಲಂ ಪ್ರಕಾರ ಅದು ಗರಿಷ್ಠ ಮಿತಿ, ಅದರೊಳಗೆ ನ್ಯಾಯವಾದಷ್ಟು ಕೊಡಿಸ್ತಾರೆ.

ಇನ್ನು ನೋಟಿಸ್. ದುಡ್ಡು ಕೊಡಿ ಅಂತಷ್ಟೇ ಬರೆದರೆ ಸಾಲದು, ವಿವಾದವನ್ನು ಆರ್ಬಿಟ್ರೇಷನ್‌ಗೆ ಒಪ್ಪಿಸ್ತಿದ್ದೀವಿ ಅಂತ ಸ್ಪಷ್ಟವಾಗಿ ಹೇಳಿ. ಕರಾರಿನಲ್ಲಿ ಬೇರೆ ಮಾತಿಲ್ಲದಿದ್ದರೆ, ಅದು ಎದುರು ಪಾರ್ಟಿಯ ಕೈ ಸೇರಿದ ದಿನವೇ ಆರ್ಬಿಟ್ರೇಷನ್ ಶುರುವಾದ ಲೆಕ್ಕ. ಕರಾರು ಮುರಿದ ದಿನದಿಂದ 3 ವರ್ಷದೊಳಗೆ ಇದು ಆಗಬೇಕು. 'ನಮ್ಮ ಎಂಡಿ ಹೇಳಿದವರೇ ಆರ್ಬಿಟ್ರೇಟರ್' ಅಂತ ಅವರು ಹಟ ಹಿಡಿದರೆ ಹೆದರಬೇಡಿ. ಹಾಗೆ ಒಬ್ಬರೇ ನೇಮಿಸುವುದನ್ನು 2019ರಲ್ಲೇ ಸುಪ್ರೀಂ ಕೋರ್ಟ್ ಒಪ್ಪಲಿಲ್ಲ. ನೇಮಕಕ್ಕೆ ಹೈಕೋರ್ಟ್‌ಗೆ ಅರ್ಜಿ ಹಾಕಬಹುದು. ಬೆಂಗಳೂರಿನಲ್ಲಾದರೆ ಖನಿಜ ಭವನದ ಆರ್ಬಿಟ್ರೇಷನ್ ಕೇಂದ್ರವೂ ಇದೆ.

ಬಡ್ಡಿಯನ್ನೂ ಕ್ಲೇಮಿನಲ್ಲಿ ಬೇರೆ ಸಾಲಾಗಿ ಕೇಳಿ. ಆದರೆ ಮೊದಲು ಅಗ್ರಿಮೆಂಟ್ ಇನ್ನೊಮ್ಮೆ ಓದಿ, ಬಡ್ಡಿ ಇಲ್ಲ ಅಂತ ನೀವೇ ಎಲ್ಲೋ ಸಹಿ ಹಾಕಿರಬಹುದು.