ಸಾಸಿವೆ ಡಬ್ಬಿಯ ಎರಡು ಸಾವಿರ: ಎಂಟು ನಿಮಿಷದ ಕಿರುಚಿತ್ರ ಮಾಡುವ ಬಗೆ

ಬಡವ-ಬಲ್ಲಿದರ ನಡುವಿನ ನಂಬಿಕೆಯ ಕಥೆ ಕೆಡುವುದು, ಕಳ್ಳ ಯಾರು ಅನ್ನೋ ಪ್ರಶ್ನೆಯನ್ನು ಕೊನೆವರೆಗೂ ಎಳೆದಾಗ. ಅದನ್ನು ಬೇಗ ಮುಗಿಸಿ. ಮೈಸೂರಿನ ಸರಸ್ವತಿಪುರಂನಲ್ಲಿ ಒಂದು ಮನೆ. ಸಾಸಿವೆ ಡಬ್ಬಿಯಲ್ಲಿಟ್ಟ ಐನೂರರ ನಾಲ್ಕು ನೋಟು ಕಾಣುತ್ತಿಲ್ಲ, ಅನುಮಾನ ಮನೆಗೆಲಸದ ಜಯಮ್ಮನ ಮೇಲೆ. ಮೂರನೇ ನಿಮಿಷಕ್ಕೇ ದುಡ್ಡು ಯಜಮಾನಿ ಮಡಚಿಟ್ಟ ಸೀರೆಯೊಳಗೆ ಸಿಗಲಿ. "ಸಿಕ್ತು" ಅನ್ನೋ ಒಂದು ಮಾತು ಅವಳ ಬಾಯಿಂದ ಬರುತ್ತಾ? ಉಳಿದ ಐದು ನಿಮಿಷ ಅದೇ.

ಪುಟಕ್ಕೆ ಸುಮಾರು ಒಂದು ನಿಮಿಷದ ಲೆಕ್ಕದಲ್ಲಿ 8 ಪುಟ ಬರೆಯಿರಿ. "ತಗೊಂಡ್ಯಾ?" ಅಂತ ಕೇಳಿಸಲೇಬೇಡಿ. "ಜಯಮ್ಮ, ಬೆಳಗ್ಗೆ ಒರೆಸುವಾಗ ಈ ಡಬ್ಬಿ ಸರಿಸಿದ್ಯಾ?" ಅಂದರೆ ಸಾಕು, ನೆಲ ಒರೆಸೋ ಬಟ್ಟೆ ಹಿಂಡುತ್ತಿದ್ದ ಕೈ ಅರ್ಧಕ್ಕೆ ನಿಲ್ಲುತ್ತೆ, ನೀರು ಬಕೆಟ್ಟಿಗೆ ತೊಟ್ಟಿಕ್ಕುತ್ತೆ. ವಯಸ್ಸಲ್ಲಿ ದೊಡ್ಡವಳಾದ ಜಯಮ್ಮನಿಗೆ ಏಕವಚನ, ಚಿಕ್ಕವಳಾದ ಯಜಮಾನಿಗೆ "ಅಮ್ಮಾವ್ರೇ". ಇದರ ಬಗ್ಗೆ ಯಾರೂ ಮಾತೆತ್ತದಿರಲಿ, ನೋಡುವವರಿಗೆ ತಾನೇ ಚುಚ್ಚುತ್ತೆ. ಜಯಮ್ಮನ "ನಾನೇನ್ ಕಂಡಿಲ್ಲ ಕಣ್ರಮ್ಮ" ಅನ್ನೋ ಮಂಡ್ಯದ ಮಾತನ್ನು ದಯವಿಟ್ಟು ನಗಿಸೋಕೆ ಬಳಸಬೇಡಿ.

ಮೊಬೈಲಲ್ಲಿ ತೆಗೆಯುವುದಾದರೆ ಸೆಕೆಂಡಿಗೆ 25 ಫ್ರೇಮ್, ಶಟರ್ (ಒಂದೊಂದು ಫ್ರೇಮಿಗೆ ಬೆಳಕು ಬೀಳೋ ಹೊತ್ತು) ಸೆಕೆಂಡಿನ 1/50. ನಮ್ಮ ಕರೆಂಟು 50 ಹರ್ಟ್ಸ್, ಅದಕ್ಕೇ ಈ ಲೆಕ್ಕ. ಶಟರನ್ನು ಆಟೋಗೆ ಬಿಟ್ಟರೆ ಟ್ಯೂಬ್‌ಲೈಟ್ ಕೆಳಗೆ ಚಿತ್ರದಲ್ಲಿ ಪಟ್ಟೆ ಓಡುತ್ತವೆ. ಎಕ್ಸ್‌ಪೋಷರ್ (ಬೆಳಕಿನ ಮಟ್ಟ), ಫೋಕಸ್ ಎರಡನ್ನೂ ಲಾಕ್ ಮಾಡಿ. ಜಯಮ್ಮ ಕೂತು ಒರೆಸುವಾಗ ಕ್ಯಾಮೆರಾ ಅವಳ ಕಣ್ಣಿನ ಮಟ್ಟಕ್ಕೆ ಇಳಿಯಲಿ, ಯಜಮಾನಿಯ ಸೀರೆ ನೆರಿಗೆ, ಪಾದ ಮಾತ್ರ ಕಾಣಲಿ. ಮೇಲಿಂದ ಹಿಡಿದರೆ ನಾವೂ ಯಜಮಾನಿ ಜಾಗದಲ್ಲೇ ನಿಂತ ಹಾಗಾಗುತ್ತೆ.

ಹೆಚ್ಚಿನವರು ಸೋಲುವುದು ಸದ್ದಿನಲ್ಲಿ. ಫ್ಯಾನು, ಫ್ರಿಜ್ಜು ಆಫ್ ಮಾಡಿ. ಗಾಡಿ ಕೀ ಫ್ರಿಜ್ಜೊಳಗೇ ಇಟ್ಟರೆ, ಹೊರಡುವಾಗ ಮತ್ತೆ ಆನ್ ಮಾಡೋದು ಮರೆಯಲ್ಲ. ಎಲ್ಲರೂ ಸುಮ್ಮನಿದ್ದು ಕೋಣೆಯ ಮೌನವನ್ನೇ ಒಂದು ನಿಮಿಷ ರೆಕಾರ್ಡ್ ಮಾಡಿಕೊಳ್ಳಿ, ಇಲ್ಲದಿದ್ದರೆ ಎಡಿಟಿಂಗಲ್ಲಿ ಪ್ರತಿ ಕಟ್‌ಗೂ ಹಿನ್ನೆಲೆ ಸದ್ದು ಎಗರುತ್ತೆ. ನಾಟಕ ಸಂಸ್ಥೆ ರಂಗಾಯಣದ ಊರಾದ ಮೈಸೂರಲ್ಲಿ ಒಳ್ಳೇ ನಟರಿಗೆ ಬರವಿಲ್ಲ, ಆದರೆ ರಂಗದ ದನಿ ಕೊನೇ ಸಾಲಿಗೆ ಮುಟ್ಟೋ ಅಭ್ಯಾಸದ್ದು. ಕಾಲರ್ ಮೈಕ್ ಹಾಕಿ, ಪಕ್ಕದಲ್ಲಿ ಕೂತವರಿಗೆ ಹೇಳೋ ಹಾಗೆ ಮಾತಾಡಿಸಿ.

ಸ್ಟೀಲ್ ಲೋಟ ಬದಲಿಸಿ ಪಿಂಗಾಣಿ ಕಪ್ಪಲ್ಲಿ ಕಾಫಿ ಕೊಡಿಸಿ ಕಥೆ ಮುಗಿಸಬೇಡಿ. ಯಜಮಾನಿ ಅಷ್ಟು ಅಗ್ಗಕ್ಕೆ ಪಾರಾಗಬಾರದು. ಮಾರನೇ ಬೆಳಗ್ಗೆ ಬೆಲ್ಲು. ಅವಳು ನೋಟು ಮುಷ್ಟಿಯಲ್ಲಿ ಹಿಡಿದು ಬಾಗಿಲಿಗೆ ಬರುತ್ತಾಳೆ. ಚಿಲಕ ಸರಿದ ಸದ್ದಿಗೆ ಕಟ್ ಮಾಡಿ.