ಅವ್ವನ ರೊಟ್ಟಿಯ ವಿಡಿಯೋ: ನನ್ನ ಅನುಭವ

2020ರ ಜೂನ್ ಕೊನೆಗೆ ಟಿಕ್‌ಟಾಕ್ ನಿಷೇಧವಾದ ಮೇಲೆ ನಮ್ಮ ಕಡೆಯ ಹುಡುಗರು ಇನ್‌ಸ್ಟಾಗ್ರಾಂ ರೀಲ್ಸ್, ಯೂಟ್ಯೂಬ್ ಶಾರ್ಟ್ಸ್‌ಗಳತ್ತ ಹೊರಳಿದರು. ವಿಜಯಪುರ ಜಿಲ್ಲೆಯ ತಾಳಿಕೋಟೆ ಹತ್ತಿರದ ನಮ್ಮೂರಿನಲ್ಲಿ, ಡೋಣಿ ಹೊಳೆ ಸಾಲಿನ ಎರೆಭೂಮಿಯ ಬಿಳಿಜೋಳದಿಂದ ಅವ್ವ ರೊಟ್ಟಿ ಬಡಿಯುವುದನ್ನು ನಾನೂ ಆಗಲೇ ಮೊಬೈಲಿನಲ್ಲಿ ಚಿತ್ರಿಸತೊಡಗಿದೆ. ಹಿಟ್ಟು, ಕೈ, ಉಬ್ಬಿದ ರೊಟ್ಟಿ, ಇಷ್ಟನ್ನೇ ಜೋಡಿಸಿ ಮೇಲೊಂದು ಹಾಡು ಹಾಕಿದೆ. ನೋಡಿದವರು ಹೊಗಳಿದರು. ಆದರೆ ಪುಣೆಯಲ್ಲಿರುವ ನನ್ನ ಕಾಕಾನ ಮಗಳು ಅದನ್ನು ನೋಡಿ ರೊಟ್ಟಿ ಮಾಡಲು ಹೋಗಿ, ಎಲ್ಲವೂ ಅಂಚಿನಲ್ಲಿ ಹರಿಯುತ್ತಿವೆ ಎಂದು ಫೋನ್ ಮಾಡಿದಳು.

ಅವ್ವ ಕೇಳಿದ್ದು ಒಂದೇ ಮಾತು: "ಎಸರು ಎಷ್ಟ ಕಾದಿತ್ತವ್ವಾ?"

ನಾನು ವಿಡಿಯೋದಿಂದ ಕತ್ತರಿಸಿ ತೆಗೆದದ್ದು ಎಸರು, ಅಂದರೆ ಹಿಟ್ಟಿಗೆ ಹಾಕುವ ನೀರು, ಕಾಯಿಸುವ ಆ ಭಾಗವನ್ನೇ. ಗೋಧಿಯಲ್ಲಿರುವ ಗ್ಲುಟೆನ್ ಜೋಳದಲ್ಲಿಲ್ಲ. ಕುದಿಯುವ ಎಸರು ಬಿದ್ದಾಗ ಹಿಟ್ಟಿನ ಪಿಷ್ಟ ಬೆಂದು ಜಿಗಿ ಬರುತ್ತದೆ, ಆ ಜಿಗಿಯ ಬಲದಿಂದಲೇ ರೊಟ್ಟಿ ಹರಿಯದೆ ತೆಳ್ಳಗೆ ಅಗಲವಾಗುತ್ತದೆ. ಹಿಟ್ಟು ಹಳೆಯದಾದಷ್ಟೂ ಈ ಜಿಗಿ ಕಡಿಮೆಯಾಗುವುದರಿಂದ ಅವ್ವ ವಾರಕ್ಕೆ ಬೇಕಾಗುವಷ್ಟನ್ನೇ ಗಿರಣಿಗೆ ಕಳಿಸುತ್ತಾಳೆ.

ಅಂದಿನಿಂದ ನಾನು ಹಾಡು ಹಾಕುವುದನ್ನು ಬಿಟ್ಟೆ. ಬಡಿಯಲು ಶುರುಮಾಡಿದಾಗ ಮಂದವಾಗಿರುವ ಸಪ್ಪಳ, ರೊಟ್ಟಿ ತೆಳುವಾದಂತೆ ಹಗುರವಾಗಿ ಚುರುಕಾಗುತ್ತದೆ. ಎಲ್ಲಿ ದಪ್ಪ ಉಳಿದಿದೆ ಎಂಬುದನ್ನು ಅವ್ವ ಕಣ್ಣಿಗಿಂತ ಮೊದಲು ಕಿವಿಯಿಂದ ತಿಳಿಯುತ್ತಾಳೆ. ಅಷ್ಟು ವರ್ಷ ಅದೇ ಮನೆಯಲ್ಲಿ ಉಂಡ ನನಗೆ ಇದು ತಿಳಿದದ್ದು ಕಿವಿಗೆ ಇಯರ್‌ಫೋನ್ ಹಾಕಿಕೊಂಡು ಎಡಿಟ್ ಮಾಡಲು ಕುಳಿತಾಗ. ಶಾರ್ಟ್ಸ್‌ನ ಮಿತಿ 60 ಸೆಕೆಂಡಿನಿಂದ 2024ರ ಅಕ್ಟೋಬರಿನಲ್ಲಿ 3 ನಿಮಿಷಕ್ಕೆ ಏರಿದ್ದು ನನಗೆ ದೊಡ್ಡ ಅನುಕೂಲವಾಯಿತು. ಹಿಟ್ಟು ನಾದುವುದರಿಂದ ಹಿಡಿದು, ಹಂಚಿನ ಮೇಲೆ ನೀರು ಸವರಿದ ಮೈ ಆರಿ, ತಿರುವಿ ಹಾಕಿದ ರೊಟ್ಟಿ ಉಬ್ಬುವವರೆಗೆ, ಒಂದು ರೊಟ್ಟಿಯನ್ನು ಎಲ್ಲಿಯೂ ಕತ್ತರಿಸದೆ ತೋರಿಸುತ್ತೇನೆ. ಬೆಳಕಿಗೆ ಬೆಳಗಿನ ಬಾಗಿಲೇ ಸಾಕು.

ಎಳ್ಳ ಅಮಾವಾಸ್ಯೆಯ ದಿನ ಮಾತ್ರ ಹೊಲದಲ್ಲಿ ಚರಗ ಚೆಲ್ಲುವವರೆಗೂ ಮೊಬೈಲ್ ತೆಗೆಯಬಾರದೆಂದು ಅವ್ವ ಹೇಳಿದ್ದಾಳೆ. ಭೂತಾಯಿಗೆ ಉಣಬಡಿಸುವ ಹೊತ್ತಿನಲ್ಲಿ ಕೈಯಲ್ಲಿ ಬೇರೇನೂ ಇರಬಾರದೆಂಬ ಆ ಮಾತು ನನಗೂ ಸರಿಯೆನಿಸಿದೆ.

ಕಳೆದ ತಿಂಗಳು ತಂಗಿ ಪುಣೆಯಿಂದ ತಾನೇ ಬಡಿದ ರೊಟ್ಟಿಯ ವಿಡಿಯೋ ಕಳಿಸಿದಳು. ಅವ್ವ ಪರದೆ ನೋಡದೆ ಫೋನನ್ನು ಕಿವಿಗೆ ಹಿಡಿದು ಕೊನೆಯವರೆಗೂ ಕೇಳಿದಳು. "ಇನ್ನೊಂದೀಟ ನಾದಬೇಕಿತ್ತ," ಎಂದಳು.